ಏಳು ಕುಳ್ಳರು ಎಲ್ಲಿ ಹೋದ್ರು?

ನಾಲ್ಕನೇ ಕ್ಲಾಸಿನಲ್ಲಿದ್ದಾಗ ಸ್ಕೂಲ್ ಡೇಗೆ ಸ್ನೋ ವೈಟ್ ನಾಟಕ ಮಾಡಿಸಿದ್ರು. ಕ್ಲಾಸಿನಲ್ಲೇ ಬೆಳ್ಳಗಿದ್ದವಳಿಗೆ ಸ್ನೋ ವೈಟ್ ಪಾರ್ಟು. ನಾನು ಕಪ್ಪಗೆ, ಕುಳ್ಳಗೆ ಇದ್ದೆ... ಏಳು ಕುಳ್ಳರಲ್ಲಿ ಒಬ್ಬಳಾದೆ. ಹತ್ತಿಯ ಗಡ್ಡ ಅಂಟಿಸಿಕೊಂಡು ನಾಲ್ಕು ಸಲ ಸೀನಿದ್ದೇ ನನ್ನ ಡೈಲಾಗು :)

ಅದಕ್ಕೇ ಇರಬೇಕು, 2023ರ 'ದಿ ಲಿಟ್ಲ್ ಮರ್ಮೇಡ್'ನಲ್ಲಿ ಕಪ್ಪು ಹುಡುಗಿ ಹ್ಯಾಲಿ ಬೈಲಿ ಏರಿಯಲ್ ಆಗಿದ್ದು ನೋಡಿ ಸಖತ್ ಖುಷಿಯಾಗಿತ್ತು. 2019ರಲ್ಲಿ ಆಕೆ ಆಯ್ಕೆಯಾದಾಗಿನಿಂದಲೇ ಕೂಗಾಟ ಶುರುವಾಗಿತ್ತು. ಹುಡುಗಿ ಅರ್ಧ ಮೀನು ಅನ್ನೋದನ್ನ ನಂಬ್ತಾರೆ, ಚರ್ಮದ ಬಣ್ಣ ಮಾತ್ರ ನಂಬೋಕಾಗಲ್ಲ! ಇದೇನು ಹೊಸದೂ ಅಲ್ಲ. 1997ರಲ್ಲೇ ಟೀವಿಗೆ ಮಾಡಿದ 'ಸಿಂಡರೆಲ್ಲಾ'ದಲ್ಲಿ ಬ್ರ್ಯಾಂಡಿ ಸಿಂಡರೆಲ್ಲಾ, ವೂಪಿ ಗೋಲ್ಡ್‌ಬರ್ಗ್ ರಾಣಿ, ಗಂಡ ಬಿಳಿಯ ರಾಜ, ಮಗನಾಗಿ ಫಿಲಿಪ್ಪೀನ್ಸ್ ಮೂಲದ ಪಾವೊಲೊ ಮೊಂಟಲ್ಬಾನ್. ಅದು ಹೇಗೆ ಸಾಧ್ಯ ಅಂತ ಕಥೆಯೊಳಗೆ ಯಾರೂ ಕೇಳೋದೇ ಇಲ್ಲ.

2025ರಲ್ಲಿ 'ಸ್ನೋ ವೈಟ್' ಬಂತು. ತಾಯಿಯ ಕಡೆಯಿಂದ ಕೊಲಂಬಿಯಾ ಮೂಲದ ರೇಚಲ್ ಜೆಗ್ಲರ್ ನಾಯಕಿ. ಮತ್ತೆ ಬಣ್ಣದ ಜಗಳ, ಮತ್ತೆ ನಾನು ಜಗಳಕ್ಕೆ ರೆಡಿ. ಅಕ್ಕನ ಮಗಳ ಜೊತೆ ಕೂತು ನೋಡ್ತಾ ಇದ್ದಾಗ ಅವಳು ಕೇಳಿದಳು, "ಚಿಕ್ಕಿ, ಈ ಏಳು ಜನ ನಿಜವಾದ ಮನುಷ್ಯರಾ?"

ಅಲ್ಲ. ಕಂಪ್ಯೂಟರಿನಲ್ಲಿ ಮಾಡಿದ್ದು.

ಹುಟ್ಟಿನಿಂದ ಕುಬ್ಜತೆ ಇರುವ ನಟ ಪೀಟರ್ ಡಿಂಕ್ಲೇಜ್ 2022ರಲ್ಲಿ ಒಂದು ಮಾತು ಕೇಳಿದ್ದರು: ನಾಯಕಿಯ ಆಯ್ಕೆ ಬಗ್ಗೆ ಇಷ್ಟು ಹೆಮ್ಮೆ ಪಡೋರು, ಗುಹೆಯೊಳಗಿನ ಕುಳ್ಳರ ಅದೇ ಹಳೇ ಕಥೆ ಯಾಕೆ ಹೇಳ್ತಾ ಇದ್ದೀರಿ ಅಂತ. ಬೇರೆ ರೀತಿ ಮಾಡ್ತೀವಿ ಅಂತ ಡಿಸ್ನಿ ಹೇಳಿತು. ಆ ಬೇರೆ ರೀತಿ ಇದು! ಗ್ರಂಪಿಗೆ ದನಿ ಕೊಟ್ಟ ಮಾರ್ಟಿನ್ ಕ್ಲೆಬ್ಬಾ ಕೂಡ ಕುಬ್ಜ ನಟರೇ. ದನಿ ಅವರದು, ತೆರೆ ಮೇಲಿನ ಮುಖ ಕಂಪ್ಯೂಟರಿನದು. ನಮಗೆ ಸಿಗ್ತಿದ್ದ ನಾಲ್ಕು ಕೆಲಸವೂ ಹೋಯ್ತಲ್ಲ ಅಂತ ಕೆಲವು ಕುಬ್ಜ ನಟರೇ ಬೇಜಾರು ಮಾಡ್ಕೊಂಡರು.

ಡಿಂಕ್ಲೇಜ್ ಹೇಳಿದ್ದರಲ್ಲಿ ತಪ್ಪಿಲ್ಲ. ಆದರೆ ಪಾತ್ರ ಸರಿಮಾಡಿ ಅಂದ್ರೆ ಮನುಷ್ಯರನ್ನೇ ತೆಗೆಯೋದಾ? ಬಗ್ ಫಿಕ್ಸ್ ಮಾಡೋಕೆ ಸೋಮಾರಿತನ ಆಗಿ ಫೀಚರನ್ನೇ ಕಿತ್ತುಹಾಕಿ ಟಿಕೆಟ್ ಕ್ಲೋಸ್ ಮಾಡೋದನ್ನ ಎಷ್ಟು ಸಲ ನೋಡಿಲ್ಲ ನಾವು. (ಮಾಡಿಯೂ ಇದ್ದೀನಿ ಬಿಡಿ.)

ನಾಚಿಕೆಯಾಗಿದ್ದು ಇನ್ನೊಂದಕ್ಕೆ. ಗಡ್ಡ ಕಟ್ಟಿಕೊಂಡು ಆ ಸಾಲಿನಲ್ಲೇ ನಿಂತವಳು ನಾನು. ಆದರೂ ಇಷ್ಟು ದಿನ ಬರೀ ರಾಜಕುಮಾರಿಯ ಬಣ್ಣದ ಬಗ್ಗೆಯೇ ವಾದ ಮಾಡ್ತಾ ಇದ್ದೆ.

ಪುಟ್ಟಿಗೆ ನನ್ನ ನಾಟಕದ ಕಥೆ ಹೇಳಿದೆ. ಈಗಲೇ ಸೀನಿ ತೋರಿಸು ಅಂತ ಹಠ ಹಿಡಿದಳು. ನಾಲ್ಕು ಸಲ ಸೀನಿದೆ.