ಹಿಂದೆ ನಿಲ್ಲುವವನ ಸುಖ

ಅರಸೀಕೆರೆಯಲ್ಲಿ ಸಂಜೆ ಫುಟ್‌ಬಾಲ್ ಆಡಲು ಬರುವ ಹುಡುಗರಲ್ಲಿ ಯಾರನ್ನೇ ಕೇಳಿ, ಫಾರ್ವರ್ಡ್ ಆಗಬೇಕು ಎನ್ನುತ್ತಾರೆ. ಬ್ಯಾಕ್ ನಿಲ್ಲು ಅಂದರೆ ಮುಖ ಚಿಕ್ಕದಾಗುತ್ತದೆ. ನಾನಾದರೋ ಹುಡುಗನಾಗಿದ್ದಾಗಿನಿಂದ, ಮಂಡಿ ಮಾತು ಕೇಳದ ಈ ವಯಸ್ಸಿನವರೆಗೂ, ಸ್ಟಾಪರ್ ಜಾಗವನ್ನೇ ಕೇಳಿ ಪಡೆದವನು. ಇಡೀ ಮೈದಾನ ಕಣ್ಣೆದುರು ಹರಡಿಕೊಳ್ಳುವುದು ಅಲ್ಲಿ ನಿಂತವನಿಗೆ. ಯಾರು ಸುಸ್ತಾಗಿದ್ದಾರೆ, ಯಾರು ಪಾಸಿಗಾಗಿ ಕಾಯುತ್ತಿದ್ದಾರೆ, ಮುಂದಿನ ಪೆಟ್ಟು ಯಾವ ಕಡೆಯಿಂದ ಬರುತ್ತದೆ, ಎಲ್ಲವೂ ಅಲ್ಲಿಂದ ಕಾಣುತ್ತದೆ.

ಫಾರ್ವರ್ಡ್ ಚೆಂಡು ಹಿಡಿದು ನೇರ ನಿಮ್ಮ ಮೇಲೇ ಬರುತ್ತಿದ್ದಾನೆ ಅನ್ನಿ. ಎದೆ ಕೊಟ್ಟು ನೆಟ್ಟಗೆ ನಿಂತರೆ ಕಾಲ ಸಂದಿಯಲ್ಲೇ ಚೆಂಡು ತೂರಿಸಿಕೊಂಡು ಹೋಗುತ್ತಾನೆ. ಒಂದು ಭುಜ ಮುಂದೆ ಇನ್ನೊಂದು ಹಿಂದೆ, ಮಂಡಿ ಸ್ವಲ್ಪ ಬಾಗಿ, ಹಿಮ್ಮಡಿ ಊರದೆ, ಓರೆಯಾಗಿ ನಿಲ್ಲಬೇಕು. ಅವನ ಕಣ್ಣು ಸುಳ್ಳು ಹೇಳುತ್ತದೆ, ಭುಜ ಸುಳ್ಳು ಹೇಳುತ್ತದೆ, ಚೆಂಡು ಹೇಳುವುದಿಲ್ಲ. ನೋಟ ಅದರ ಮೇಲೇ ಇರಲಿ. ಅರ್ಧರ್ಧ ಹೆಜ್ಜೆ ಹಿಂದೆ ಸರಿಯುತ್ತ ಅವನನ್ನು ಬದಿಗೆರೆಯ ಕಡೆಗೆ, ಅವನಿಗೆ ಒಗ್ಗದ ಕಾಲಿನ ಕಡೆಗೆ ಸಾಗಿಸಬೇಕು. ಆತುರ ಅವನಿಗೇ ಬರಬೇಕು. ಚೆಂಡು ಅವನ ಕಾಲಿನಿಂದ ಒಂದು ಗೇಣು ಹೆಚ್ಚು ಉರುಳಿತೋ, ಆ ಗಳಿಗೆಯಲ್ಲಿ ಕಾಲು ಚಾಚಿ ತೆಗೆದುಕೊಂಡುಬಿಟ್ಟರೆ ಮುಗಿಯಿತು. ಬಿದ್ದದ್ದಿಲ್ಲ, ಬೀಳಿಸಿದ್ದಿಲ್ಲ, ಸುತ್ತ ನಿಂತವರಿಗೆ ಏನಾಯಿತೆಂದೂ ತಿಳಿಯುವುದಿಲ್ಲ. ಜಾರಿ ಬಿದ್ದು ಚೆಂಡು ಕಸಿದವನಿಗೆ ಚಪ್ಪಾಳೆ ಸಿಗುತ್ತದೆ. ಆದರೆ ಜಾರುವ ಪ್ರಸಂಗವೇ ಬಾರದಂತೆ ಆಡುವವನೇ ನನ್ನ ಪಾಲಿಗೆ ದೊಡ್ಡ ಆಟಗಾರ.

ಈ ಕೆಲಸದಲ್ಲಿ ಅರ್ಧ ಪಾಲು ಬಾಯಿಯದು. ನಾಲ್ವರು ಬ್ಯಾಕ್‌ಗಳು ಒಟ್ಟಿಗೆ ಮುಂದಕ್ಕೆ ಸರಿದರೆ ಎದುರಾಳಿ ಆಫ್‌ಸೈಡ್. ಒಬ್ಬ ಅರೆ ಕ್ಷಣ ತಡಮಾಡಿದರೆ ಗೋಲು. ಬಿಡು, ನಿಂದು, ಹಿಂದೆ ಬಂದ, ಮುಂದೆ ನಡಿ ಎಂದು ಸ್ಟಾಪರ್ ಕೂಗುತ್ತಲೇ ಇರಬೇಕು. ಪರದೇಶಕ್ಕೆ ಹೋಗಿ ಆಡುವ ಡಿಫೆಂಡರ್‌ಗಳೆಂದರೆ ನನಗೆ ವಿಶೇಷ ಗೌರವ ಹುಟ್ಟುವುದು ಇದೇ ಕಾರಣಕ್ಕೆ. 1936ರಲ್ಲಿ ಕಲ್ಕತ್ತೆಯ ಮೊಹಮ್ಮದ್ ಸಲೀಂ ಬರಿಗಾಲಿಗೆ ಬ್ಯಾಂಡೇಜ್ ಸುತ್ತಿಕೊಂಡು ಸ್ಕಾಟ್ಲೆಂಡಿನ ಸೆಲ್ಟಿಕ್ ಪರ ಆಡಿ ಅಲ್ಲಿನ ಜನರನ್ನು ಬೆರಗುಗೊಳಿಸಿದರು. ಅವರು ವಿಂಗರ್. ಕಾಲಿನ ಚಮತ್ಕಾರ ಯಾವ ಊರಿನವರಿಗಾದರೂ ಅರ್ಥವಾಗುತ್ತದೆ. ಹಿಂದೆ ನಿಲ್ಲುವವನಿಗೆ ಅಷ್ಟು ಸಾಲದು. ಪಕ್ಕದವನು ಯಾವಾಗ ಹೆದರುತ್ತಾನೆ, ಯಾವಾಗ ದುಡುಕುತ್ತಾನೆ ಎಂಬುದೂ ಗೊತ್ತಿರಬೇಕು. ಅದು ಕೂಡಿ ಆಡಿಯೇ ಬರಬೇಕು, ಕಾಲ ಹಿಡಿಯುತ್ತದೆ.

ಅಂಥ ಇಬ್ಬರು ನಮ್ಮ ರಾಜಧಾನಿಗೇ ಬಂದರು. 2013ರಲ್ಲಿ ಬೆಂಗಳೂರು ಎಫ್‌ಸಿ ಶುರುವಾದಾಗ ಐ-ಲೀಗ್‌ನಲ್ಲಿ ತಂಡಕ್ಕೆ ನಾಲ್ವರು ವಿದೇಶಿಯರಿಗಷ್ಟೇ ಅವಕಾಶ. ಬಹುತೇಕ ಕ್ಲಬ್‌ಗಳು ಆ ಜಾಗಗಳನ್ನು ಗೋಲು ಹೊಡೆಯುವವರಿಗೆ ಮೀಸಲಿಡುತ್ತಿದ್ದವು. ಕೋಚ್ ಆಶ್ಲೆ ವೆಸ್ಟ್‌ವುಡ್ ತಾವೇ ಡಿಫೆಂಡರ್ ಆಗಿದ್ದವರು. ಅವರ ತಂಡದಲ್ಲಿ ನಾಲ್ಕರಲ್ಲಿ ಎರಡು ಜಾಗ ಸ್ಟಾಪರ್‌ಗಳದಾಯಿತು: ಇಂಗ್ಲೆಂಡಿನ ಮಿಡಲ್ಸ್‌ಬರೋದ ಜಾನ್ ಜಾನ್ಸನ್, ಕೀನ್ಯಾದ ಕರ್ಟಿಸ್ ಒಸಾನೊ. ಮೊದಲ ವರ್ಷವೇ ತಂಡ ಚಾಂಪಿಯನ್. ತಿಪಟೂರು, ತುಮಕೂರು ದಾಟಿ ರೈಲಿನಲ್ಲಿ ಹೋಗಿ ಅವರ ಆಟ ನೋಡುವುದು ನನಗೆ ಹಬ್ಬವಾಗಿತ್ತು. ಚೆಂಡು ಆ ಕಡೆ ಗೋಲಿನ ಹತ್ತಿರ ಇದ್ದಾಗಲೂ ನಾನು ನೋಡುತ್ತಿದ್ದುದು ಜಾನ್ಸನ್‌ರನ್ನು. ಚೆಂಡು ತಮ್ಮ ಕಡೆ ಬರುವ ಮೊದಲೇ ಅದು ಬೀಳುವ ಜಾಗಕ್ಕೆ ಹೋಗಿ ನಿಂತಿರುತ್ತಿದ್ದರು, ಕೈ ಬೀಸಿ ಪಕ್ಕದವರನ್ನು ಒಂದೆರಡು ಹೆಜ್ಜೆ ಸರಿಸುತ್ತಿದ್ದರು. ಇಂಗ್ಲೆಂಡಿನಿಂದ ಬಂದವರು 2018ರವರೆಗೂ ಅದೇ ಕ್ಲಬ್ಬಿನಲ್ಲಿ ಉಳಿದರು.

2015ರ ಮೇ 31ರಂದು ಕಂಠೀರವದಲ್ಲಿ ಲೀಗಿನ ಕೊನೆಯ ಪಂದ್ಯ. ಪ್ರಶಸ್ತಿಗೆ ಬೆಂಗಳೂರು ಗೆಲ್ಲಲೇಬೇಕು, ಮೋಹನ್ ಬಗಾನ್‌ಗೆ ಡ್ರಾ ಸಾಕು. 41ನೇ ನಿಮಿಷದಲ್ಲಿ ಜಾನ್ಸನ್ ಗೋಲು ಹೊಡೆದರು. ಪಂದ್ಯ ಮುಗಿಯಲು ಮೂರೇ ನಿಮಿಷ ಇದ್ದಾಗ ಬಗಾನಿನ ಬೆಲ್ಲೊ ರಜಾಕ್ ತಲೆಯಿಂದ ಹೊಡೆದು ಸಮ ಮಾಡಿದರು. ಅವರು ನೈಜೀರಿಯಾದವರು, ಅವರೂ ಡಿಫೆಂಡರ್. ಪರದೇಶದಿಂದ ದುಡಿಯಲು ಬಂದ ಇಬ್ಬರು ಸ್ಟಾಪರ್‌ಗಳು ಭಾರತದ ಲೀಗನ್ನು ಹೀಗೆ ತೀರ್ಮಾನ ಮಾಡಿದ್ದು ನೋಡಿ, ಪ್ರಶಸ್ತಿ ಕೈತಪ್ಪಿದ ಸಂಕಟದ ನಡುವೆಯೂ ನನಗೆ ಅಭಿಮಾನ ಉಕ್ಕಿತು.

ಕೈಕಸುಬು ಹೊತ್ತುಕೊಂಡು ಪರಸ್ಥಳಕ್ಕೆ ಬಂದವರು ನಮ್ಮ ಸೀಮೆಗೆ ಹೊಸಬರಲ್ಲ. ಬೇಲೂರಿನ ಚೆನ್ನಕೇಶವನ ಗುಡಿ 1117ರದು. ಅಲ್ಲಿನ ಮದನಿಕೆಯರನ್ನು ಕಡೆದ ದಾಸೋಜ, ಅವನ ಮಗ ಚಾವಣ ಬಳ್ಳಿಗಾವೆಯಿಂದ ಬಂದವರು. ಶಿಲ್ಪದ ಕೆಳಗೆ ಹೆಸರು ಬರೆದು ಹೋಗಿದ್ದಾರೆ. ಹಳೇಬೀಡಿನ ಗೋಡೆಗಳಲ್ಲೂ ಹಾಗೆ ಬರೆದ ಶಿಲ್ಪಿಗಳ ಹೆಸರುಗಳಿವೆ. ನೆಂಟರನ್ನು ಕರೆದುಕೊಂಡು ಹೋದಾಗಲೆಲ್ಲ ನಾನು ಆ ಅಕ್ಷರಗಳನ್ನು ಹುಡುಕಿ ತೋರಿಸುತ್ತೇನೆ. ಡಿಫೆಂಡರ್‌ನ ಕೆಲಸಕ್ಕೆ ಆ ಭಾಗ್ಯವಿಲ್ಲ. ಅವನು ತಡೆದ ಗೋಲು ಎಲ್ಲೂ ದಾಖಲಾಗುವುದಿಲ್ಲ. ಹಾಗಾಗಿಯೇ ನೋಡಿದವರು ಹೇಳಬೇಕು, ಬರೆಯಬೇಕು.

ನಮ್ಮವರು ಹೊರಗೆ ಹೋದದ್ದು ಕಡಿಮೆ. ಸಂದೇಶ್ ಝಿಂಗನ್ 2021ರ ಆಗಸ್ಟ್‌ನಲ್ಲಿ ಕ್ರೊಯೇಷಿಯಾದ ಶಿಬೆನಿಕ್ ಕ್ಲಬ್ ಸೇರಿದಾಗ ನನಗೆ ಮನೆಯವರೇ ಹೋದಷ್ಟು ಖುಷಿಯಾಗಿತ್ತು. ಗಾಯ ಬಿಡಲಿಲ್ಲ, ಒಂದು ಪಂದ್ಯವನ್ನೂ ಆಡದೆ ಮುಂದಿನ ಜನವರಿಗೆ ಹಿಂದಿರುಗಿದರು. ಜನ ಅದನ್ನು ಸೋಲು ಅಂದರು. ನಾನು ಒಪ್ಪುವುದಿಲ್ಲ. ಇಪ್ಪತ್ತೆಂಟು ವರ್ಷಕ್ಕೆ, ಇಲ್ಲಿ ನೆಲೆ ನಿಂತ ಹೆಸರಿದ್ದೂ, ಹೊಸ ದೇಶದಲ್ಲಿ ಮತ್ತೆ ಮೊದಲಿನಿಂದ ಶುರುಮಾಡಲು ಹೊರಟ ಗುಂಡಿಗೆ ಅದು. ವಾಪಸು ಬಂದ ಮೇಲೆ ಬೆಂಗಳೂರು ಸೇರಿ 2022ರ ಡ್ಯುರಾಂಡ್ ಕಪ್ ಗೆದ್ದ ತಂಡದಲ್ಲಿ ಆಡಿದರು.

ಹಿಂದಿನ ಕಾಲದಲ್ಲಿ ಬೆಂಗಳೂರಿನ ಆಟಗಾರರಿಗೆ ಕಲ್ಕತ್ತೆಯೇ ಪರದೇಶ. ನಮ್ಮ ಎಂ. ಕೆಂಪಯ್ಯ ಮೋಹನ್ ಬಗಾನ್‌ಗೆ ಆಡಿದವರು, ಹಾಫ್‌ಬ್ಯಾಕ್. ಭಾರತ ನಾಲ್ಕನೇ ಸ್ಥಾನ ಪಡೆದ 1956ರ ಮೆಲ್ಬರ್ನ್ ಒಲಿಂಪಿಕ್ಸ್ ತಂಡದಲ್ಲಿ ಅವರಿದ್ದರು, 1960ರ ರೋಮ್‌ಗೂ ಹೋಗಿದ್ದರು. ಈ ಹೆಸರು ಎಷ್ಟು ಕನ್ನಡ ಮನೆಗಳಿಗೆ ಗೊತ್ತು? ಗೊತ್ತಿರಬೇಕಿತ್ತು.

2023ರ ಮಾರ್ಚ್ 4ರಂದು ಕರ್ನಾಟಕದ ಹುಡುಗರೇ ಪರದೇಶದ ನೆಲದಲ್ಲಿ ನಿಂತರು. ಸಂತೋಷ್ ಟ್ರೋಫಿಯ ಫೈನಲ್ ಮೊದಲ ಬಾರಿಗೆ ಭಾರತದ ಆಚೆ, ಸೌದಿಯ ರಿಯಾದ್‌ನಲ್ಲಿ. ಮೈಸೂರು ಎಂಬ ಹೆಸರಿನಲ್ಲಿ 1968–69ರಲ್ಲಿ ಗೆದ್ದ ಮೇಲೆ ಆ ಕಪ್ ನಮ್ಮ ಕಡೆ ಬಂದಿರಲಿಲ್ಲ. ಮೊದಲರ್ಧ ಮುಗಿದಾಗ ಮೇಘಾಲಯದ ಮೇಲೆ 3–1. ಎರಡನೆಯ ಅರ್ಧದಲ್ಲಿ ಮೇಘಾಲಯ ಒಂದು ಗೋಲು ತೀರಿಸಿತು, 3–2. ಅಲ್ಲಿಂದ ಮುಂದೆ ಆ ಪಂದ್ಯ ನಮ್ಮ ಬ್ಯಾಕ್‌ಗಳದು. ಇನ್ನೊಂದು ಗೋಲು ಬೀಳಲು ಅವರು ಬಿಡಲಿಲ್ಲ. ಪತ್ರಿಕೆಗಳಲ್ಲಿ ಗೋಲು ಹೊಡೆದವರ ಹೆಸರು ಬಂತು, ಬರಬೇಕಾದ್ದೇ. ನನಗೆ ಈಗಲೂ ಆ ಪಂದ್ಯ ನೋಡುವ ಆಸೆಯಾದರೆ ಗೋಲುಗಳಿರುವ ಮೊದಲರ್ಧ ಬಿಟ್ಟು, ಕೊನೆಯ ಭಾಗವನ್ನೇ ಹಾಕಿಕೊಂಡು ಕೂರುತ್ತೇನೆ.