ಇಂಟು ಒತ್ತಿದರೆ ಒಳಗೆ, ಸೊನ್ನೆ ಒತ್ತಿದರೆ ಹೊರಗೆ

ಆ ಕಪ್ಪು ಕಂಟ್ರೋಲರನ್ನು ಅಮ್ಮ ಹಿಡಿಯುವ ರೀತಿಯೇ ಬೇರೆ. ಆಟ ಆಡುವ ಹುಡುಗರು ಅದನ್ನು ಎರಡೂ ಕೈಯಲ್ಲಿ ಹಿಡಿದು ಹೆಬ್ಬೆರಳುಗಳನ್ನು ಮಾತ್ರ ಕುಣಿಸುತ್ತಾರೆ. ಅಮ್ಮ ತೊಡೆಯ ಮೇಲೆ ಮಡಿಸಿದ ಟವೆಲ್ ಹಾಸಿ, ಅದರ ಮೇಲೆ ಕಂಟ್ರೋಲರ್ ಇಟ್ಟು, ಅಕ್ಕಿಯಲ್ಲಿ ಕಲ್ಲು ಆರಿಸುವ ನಿಗಾದಿಂದ ತೋರುಬೆರಳಲ್ಲಿ ಒಂದೊಂದೇ ಗುಂಡಿ ಒತ್ತುತ್ತಾಳೆ. ಆ ಗುಂಡಿಗಳ ಮೇಲೆ ಅಕ್ಷರವಿಲ್ಲ. ತ್ರಿಕೋನ, ಚೌಕ, ವೃತ್ತ, ಗುಣಾಕಾರದ ಚಿಹ್ನೆ, ಇಷ್ಟೇ. ಗುಣಾಕಾರಕ್ಕೆ ನಮ್ಮ ಮನೆಯಲ್ಲಿ ಮಗ್ಗಿಯ ಕಾಲದಿಂದಲೂ ‘ಇಂಟು’ ಅನ್ನುವುದು. ವೃತ್ತ ಅಂದರೆ ‘ಸೊನ್ನೆ’. ಯಂತ್ರ ಅವಳ ಕೈಗೆ ಬಂದ ವಾರದೊಳಗೇ ಸೂತ್ರ ಕಂಡುಕೊಂಡಳು. “ಇಂಟು ಒತ್ತಿದರೆ ಒಳಗೆ, ಸೊನ್ನೆ ಒತ್ತಿದರೆ ಹೊರಗೆ. ಅಷ್ಟೇ ತಾನೇ?” ಅಷ್ಟೇ. ಆ ಯಂತ್ರದ ಪರದೆಯ ಮೇಲೆ ಕನ್ನಡದ ಮೆನು ಇಲ್ಲ, ಭಾರತದ ಯಾವ ಭಾಷೆಯ ಮೆನುವೂ ಇಲ್ಲ. ಅಮ್ಮನಿಗೆ ಅದು ಅಡ್ಡಿಯಾಗಲಿಲ್ಲ. ಅವಳು ಓದುವುದು ಚಿತ್ರಗಳನ್ನು. ಅವಳಿಗೀಗ 83.

ಯಂತ್ರದ ಹೆಸರು ಪ್ಲೇಸ್ಟೇಷನ್ 3. ಸೋನಿಯವರು ಜಪಾನಿನಲ್ಲಿ ಅದನ್ನು ಬಿಡುಗಡೆ ಮಾಡಿದ್ದು 2006ರ ನವೆಂಬರಿನಲ್ಲಿ. ನಮ್ಮ ದೇಶಕ್ಕೆ ಬಂದದ್ದು ಮರುವರ್ಷ. ಅಕ್ಕನ ಮಗ ಎಂಜಿನಿಯರಿಂಗ್ ಓದುವಾಗ ಬಸವನಗುಡಿಯ ನಮ್ಮ ಮನೆಯಲ್ಲೇ ಇದ್ದ. ಟ್ಯೂಷನ್ ಹೇಳಿ ಕೂಡಿಸಿದ ದುಡ್ಡಲ್ಲಿ ಅದನ್ನು ಸೆಕೆಂಡ್ ಹ್ಯಾಂಡ್ ಕೊಂಡು ತಂದಿದ್ದ. ಮುಂದೆ ಎಂ.ಎಸ್. ಮಾಡಲು ಅಮೆರಿಕಕ್ಕೆ ಹೊರಟಾಗ ಹಜಾರದಲ್ಲಿ ಸೂಟ್‌ಕೇಸ್ ತೂಗುತ್ತ ಕೂತ. ಚಟ್ನಿಪುಡಿ, ಹುಳಿಪುಡಿ, ಪುಟ್ಟ ಕುಕ್ಕರು ಸೇರಿ ತೂಕ ಮಿತಿ ಮುಟ್ಟಿತ್ತು. ಯಂತ್ರದ್ದೇ ಐದು ಕಿಲೋ. “ಮಾಮ, ಇದು ಇಲ್ಲೇ ಇರಲಿ. ಅಜ್ಜಿಗೆ ಕಚೇರಿ ಕೇಳೋಕೆ ಆಗುತ್ತೆ” ಅಂದ. ಹೋಗುವ ಮೊದಲು ಯೂಟ್ಯೂಬನ್ನೂ ಸಿನಿಮಾ ತೋರಿಸುವ ಇನ್ನೊಂದು ಸೇವೆಯನ್ನೂ ಅದರಲ್ಲಿ ಕೂರಿಸಿಕೊಟ್ಟ.

ಅದನ್ನು ಚಾಲೂ ಮಾಡಿದಾಗ ಏಳುವ ಸದ್ದನ್ನು ಕೇಳಿದವರು ಮರೆಯುವುದಿಲ್ಲ. ಪಾಶ್ಚಾತ್ಯ ವಾದ್ಯವೃಂದ ಕಚೇರಿಗೆ ಮುಂಚೆ ಶ್ರುತಿ ಕೂಡಿಸಿಕೊಳ್ಳುವ ಸದ್ದು ಅದು. ಪಿಟೀಲುಗಳು ಒಂದು ಸ್ವರದ ಸುತ್ತ ನೆರೆದು, ಏರಿ, ನಿಲ್ಲುತ್ತವೆ. ಮೊದಲ ದಿನ ಅಮ್ಮ ಅಡುಗೆಮನೆಯಿಂದಲೇ, “ಯಾರೋ ಶ್ರುತಿ ಮಾಡ್ಕೋತಿದಾರಲ್ಲೋ!” ಅಂದಳು. ಚಾಮರಾಜಪೇಟೆಯ ಕೋಟೆ ಹೈಸ್ಕೂಲ್ ಮೈದಾನದಲ್ಲಿ ರಾಮನವಮಿ ಸಂಗೀತೋತ್ಸವ ಕೇಳಿ ಬೆಳೆದ ಕಿವಿ ಅವಳದು. ಶ್ರೀ ರಾಮ ಸೇವಾ ಮಂಡಳಿಯವರು 1939ರಿಂದ ನಡೆಸಿಕೊಂಡು ಬಂದ ಉತ್ಸವ. ಪೆಂಡಾಲಿನ ಹಿಂದಿನ ಸಾಲಿನಲ್ಲಿ, ತಂಬೂರಿ ಇನ್ನೂ ಕೂಡುತ್ತಿರುವಾಗಲೇ, ಪಾನಕದ ಲೋಟ ಹಿಡಿದು ಕಣ್ಣು ಮುಚ್ಚುತ್ತಿದ್ದಳು. ಆಟದ ಯಂತ್ರವೊಂದು ಶ್ರುತಿ ಮಾಡಿಕೊಂಡು ಕೆಲಸ ಶುರು ಮಾಡುತ್ತದೆ ಅಂದಮೇಲೆ ಅದರ ಮೇಲೆ ಅವಳಿಗೆ ಗೌರವ ಹುಟ್ಟಿತು. ನನಗೂ.

ಈ ಯಂತ್ರ ಕೂತದ್ದು ನಮ್ಮ ಹಳೆಯ ಬಿಪಿಎಲ್ ಟಿವಿಯ ಪಕ್ಕ. ನಮ್ಮೂರಿನದೇ ಕಂಪನಿ, ಹೊಟ್ಟೆ ಉಬ್ಬಿದ ಪಿಕ್ಚರ್ ಟ್ಯೂಬಿನ ಟಿವಿ. ಅದರ ಬೆನ್ನಲ್ಲಿ ಕೆಂಪು, ಬಿಳಿ, ಹಳದಿ ಮೂರು ಕಿಂಡಿಗಳಿವೆ. ಪ್ಲೇಸ್ಟೇಷನ್ ಜೊತೆ ಬಂದ ವೈರಿನ ತುದಿಗೂ ಅದೇ ಮೂರು ಬಣ್ಣ. ಚುಚ್ಚಿದರೆ ಚಿತ್ರ ಬಂತು. 2006ರ ಯಂತ್ರ ತನಗಿಂತ ಹಿರಿಯ ಟಿವಿಯ ಜೊತೆ ಅದರದೇ ಭಾಷೆಯಲ್ಲಿ ಮಾತಾಡುತ್ತಿತ್ತು. ಮುಂದೆ ಹೇಳುವ ಎಲ್ಲದಕ್ಕೂ ಈ ಸಂಗತಿಯೇ ಮೂಲ.

ಅಣ್ಣ (ನಾವು ಅಪ್ಪನನ್ನು ಕರೆಯುತ್ತಿದ್ದದ್ದೇ ಹಾಗೆ) ಒಂದು ವಾಲ್ವ್ ರೇಡಿಯೋ ಇಟ್ಟಿದ್ದರು. ಅದಕ್ಕೆ ವರ್ಷವರ್ಷ ಅಂಚೆ ಕಚೇರಿಯಲ್ಲಿ ಲೈಸೆನ್ಸ್ ದುಡ್ಡು ಕಟ್ಟಬೇಕಿತ್ತು. ಮುಳ್ಳು ಬೆಂಗಳೂರು ಆಕಾಶವಾಣಿಯ 612 ಕಿಲೋಹರ್ಟ್ಸ್ ಮೇಲೆ ನಿಂತರೆ ಕದಲಿಸುವ ಹಾಗಿರಲಿಲ್ಲ. ಅಂದ ಹಾಗೆ ‘ಆಕಾಶವಾಣಿ’ ಅನ್ನುವ ಹೆಸರು ಕನ್ನಡನಾಡಿನದು, 1935ರಲ್ಲಿ ಡಾ. ಎಂ.ವಿ. ಗೋಪಾಲಸ್ವಾಮಿಯವರು ಮೈಸೂರಿನ ತಮ್ಮ ಮನೆಯಲ್ಲಿ ಶುರು ಮಾಡಿದ ಬಾನುಲಿ ಕೇಂದ್ರದ ಜೊತೆ ಬೆಳೆದು ದೇಶಕ್ಕೆಲ್ಲ ಹಬ್ಬಿತು. ವಾಲ್ವ್ ಹೋಗಿ ಟ್ರಾನ್ಸಿಸ್ಟರ್ ಬಂತು, ಅದೂ ಹೋಗಿ ಜೇಬಿಗೆ ಹಿಡಿಯುವ ಚಿಪ್ಪು ಬಂತು. ಅಣ್ಣನ ರೇಡಿಯೋ ಮಾತ್ರ ಅವರು ಇರುವ ತನಕ ನುಡಿಯಿತು. ಕಾರಣ, ನಿಲಯ ತನ್ನ ಮಾತಿನ ಧಾಟಿ ಬದಲಿಸಲಿಲ್ಲ. ಹೊಸ ರೇಡಿಯೋ ಕೊಂಡವನಿಗೂ ಹಳೆಯದನ್ನು ಉಳಿಸಿಕೊಂಡವನಿಗೂ ಒಂದೇ ವಾರ್ತೆ, ಒಂದೇ ಗಳಿಗೆಯಲ್ಲಿ.

ಬೆಂಗಳೂರಿಗೆ ದೂರದರ್ಶನ ಬಂದದ್ದು 1981ರ ನವೆಂಬರ್ 1ಕ್ಕೆ. ಅದಾದ ಕೆಲವು ವರ್ಷಕ್ಕೆ ನಮ್ಮ ಬೀದಿಗಳಿಗೆ ವಿಡಿಯೋ ಲೈಬ್ರರಿ ಬಂದವು. ಚಾಮರಾಜಪೇಟೆಯ ಚಿಕ್ಕಪ್ಪನ ಮನೆಯಲ್ಲಿ ಬೇಸಿಗೆ ರಜೆಗೆ ಎಲ್ಲ ಸೇರಿದಾಗ ಒಂದು ರಾತ್ರಿಗೆ ವಿಸಿಪಿ ಬಾಡಿಗೆಗೆ ಬರುತ್ತಿತ್ತು. ಹುಡುಗನೊಬ್ಬ ಸೈಕಲ್ ಕ್ಯಾರಿಯರಿಗೆ ಟ್ಯೂಬಿನಿಂದ ಬಿಗಿದು ತರುತ್ತಿದ್ದ, ಜೊತೆಗೆ ಮೂರು ಕ್ಯಾಸೆಟ್ಟು. ಒಂದು ರಾಜ್‌ಕುಮಾರ್ ಅವರದು ಇರಲೇಬೇಕು, ಹೆಚ್ಚಿನ ಸಲ ‘ಬಂಗಾರದ ಮನುಷ್ಯ’. 1972ರಲ್ಲಿ ಅದು ಸ್ಟೇಟ್ಸ್ ಚಿತ್ರಮಂದಿರದಲ್ಲಿ ಎರಡು ವರ್ಷ ಓಡುವಾಗ ಅಮ್ಮ ನಾಲ್ಕು ಸಲ ನೋಡಿದ್ದಳಂತೆ. ಐದನೆಯ ಸಲ ಚಿಕ್ಕಪ್ಪನ ಹಜಾರದ ರೆಡ್ ಆಕ್ಸೈಡ್ ನೆಲದ ಮೇಲೆ ಗೋಡೆಗೆ ಒರಗಿ ನೋಡಿದಳು. ಬೆಳಗಿನ ಹಾಲು ಬರುವ ಹೊತ್ತಿಗೆ ಮೂರನೆಯ ಕ್ಯಾಸೆಟ್ಟು ಮುಗಿಯುತ್ತಿತ್ತು.

ಆಮೇಲಿನದು ನಿಮಗೆಲ್ಲ ಗೊತ್ತಿದ್ದದ್ದೇ. 2016ರ ಜನವರಿ 6ರಂದು ನೆಟ್‌ಫ್ಲಿಕ್ಸ್ ಒಂದೇ ದಿನ 130 ದೇಶಗಳಿಗೆ ಬಾಗಿಲು ತೆರೆದಾಗ ಅದರಲ್ಲಿ ನಮ್ಮ ದೇಶವೂ ಇತ್ತು. 2020ರಲ್ಲಿ ಚಿತ್ರಮಂದಿರಗಳು ಮುಚ್ಚಿದ್ದಾಗ, ಪುನೀತ್ ರಾಜ್‌ಕುಮಾರ್ ಅವರ ಸಂಸ್ಥೆಯ ‘ಲಾ’ ಜುಲೈ 17ಕ್ಕೂ ‘ಫ್ರೆಂಚ್ ಬಿರಿಯಾನಿ’ ಅದರ ಮರುವಾರಕ್ಕೂ ನೇರವಾಗಿ ಪ್ರೈಮ್ ವಿಡಿಯೋದಲ್ಲಿ ಬಂದವು. ಆ ದಿನಗಳಲ್ಲಿ ಅಮ್ಮನಿಗೆ ಪ್ಲೇಸ್ಟೇಷನ್ನೇ ಗಾಂಧಿ ಬಜಾರು, ಅದೇ ದೇವಸ್ಥಾನ, ಅದೇ ಪೆಂಡಾಲು. ಬೆಳಿಗ್ಗೆ ಎಂ.ಡಿ. ರಾಮನಾಥನ್, ಮಧ್ಯಾಹ್ನ ಹರಿಕಥೆ, ಸಂಜೆ ಒಂದು ಹಳೆಯ ಸಿನಿಮಾ. ಹುಡುಕುವ ಪೆಟ್ಟಿಗೆಯಲ್ಲಿ ಇಂಗ್ಲಿಷ್ ಅಕ್ಷರಗಳನ್ನು ಒಂದೊಂದಾಗಿ ಹೆಕ್ಕಿ ಹೆಸರು ಬರೆಯಲು ಐದು ನಿಮಿಷ ಹಿಡಿಯುತ್ತಿತ್ತು. ನಾನು ಬರೆದುಕೊಡಲು ಹೋದರೆ, “ಇರೋ, ನನಗೇನು ರೈಲಿಗೆ ಹೊತ್ತಾಗಿದೆಯೇ?” ಅನ್ನುತ್ತಿದ್ದಳು.

ಗಾಂಧಿ ಬಜಾರಿನ ರಸ್ತೆ ಅಗೆದ ದಿನಗಳಲ್ಲಿ ಮನೆಯ ಒಳಗೂ ಬೆರಳಗಲ ಧೂಳು ಕೂರುತ್ತಿತ್ತು. ಯಂತ್ರದ ಫ್ಯಾನು ಮಿಕ್ಸಿಯ ಹಾಗೆ ಕೂಗತೊಡಗಿತು; ಒಂದು ದಿನ ಅರ್ಧ ಸಿನಿಮಾಕ್ಕೆ ಆರಿತು. ಎಸ್.ಪಿ. ರೋಡಿನ ಒಂದು ಮಹಡಿ ಅಂಗಡಿಗೆ ಹೊತ್ತುಕೊಂಡು ಹೋದೆ. ರಿಪೇರಿಯವರು ನನ್ನ ಎದುರಿಗೇ ಬಿಚ್ಚಿದರು. ಮೇಲಿನ ಹೊಳೆಯುವ ಮುಚ್ಚಳ, ಡಿಸ್ಕಿನ ಪೆಟ್ಟಿಗೆ, ಅಂಗೈಗಿಂತ ದೊಡ್ಡ ಫ್ಯಾನು, ತಾಮ್ರದ ಕೊಳವೆಗಳು. ಫ್ಯಾನಿನ ರೆಕ್ಕೆಗಳ ನಡುವೆ ಧೂಳು ಹತ್ತಿಯ ಹಾಳೆಯಾಗಿ ಹಾಸಿಕೊಂಡಿತ್ತು. ಅದನ್ನು ಇಕ್ಕಳದಿಂದ ಒಂದೇ ತುಂಡಾಗಿ ಎತ್ತಿ ಪೇಪರಿನ ಮೇಲಿಟ್ಟರು. ಆಮೇಲೆ ಬಣ್ಣದ ಬ್ರಷ್ಷಿನಿಂದ ಮೂಲೆ ಮೂಲೆ ಗುಡಿಸಿದರು. ಎರಡು ಚಿಪ್ಪುಗಳ ಮೇಲೆ ಶಾಖ ಎಳೆಯಲು ಹಚ್ಚಿದ ಥರ್ಮಲ್ ಪೇಸ್ಟು ಒಣಗಿ ಸೀಮೆಸುಣ್ಣವಾಗಿತ್ತು. ಅಷ್ಟು ವರ್ಷಕ್ಕೆ ಯಾವ ಪೇಸ್ಟಾದರೂ ಒಣಗುತ್ತದೆ. ಅದನ್ನು ಸ್ಪಿರಿಟ್ಟಿನಲ್ಲಿ ಒರೆಸಿ, ಹೊಸದನ್ನು ಬಟಾಣಿ ಕಾಳಿನಷ್ಟು ಇಟ್ಟು, ಹಳೆಯ ಎಟಿಎಂ ಕಾರ್ಡಿನ ಅಂಚಿನಿಂದ ದೋಸೆಗೆ ಹಿಟ್ಟು ಹರಡುವಂತೆ ತೆಳ್ಳಗೆ ಹರಡಿದರು. “ಒಳ್ಳೆ ಪೀಸು ಸಾರ್, ಕೊಡಬೇಡಿ ಯಾರಿಗೂ” ಅಂದರು. ಮನೆಗೆ ತಂದು ಹಚ್ಚಿದರೆ ಫ್ಯಾನಿನ ಉಸಿರು ಕೇಳಿಸಲೇ ಇಲ್ಲ.

ಅದಾಗಿ ಕೆಲವು ತಿಂಗಳಿಗೆ ಆ ಸಿನಿಮಾ ಸೇವೆ ನಿಂತಿತು. ಪರದೆಯ ಮೇಲೆ ಇಂಗ್ಲಿಷಿನಲ್ಲಿ ಎರಡು ಸಾಲು: ಈ ಸಾಧನದಲ್ಲಿ ಇನ್ನು ಮುಂದೆ ಸೇವೆ ಲಭ್ಯವಿಲ್ಲ. ಅಮ್ಮ ಇಂಟು ಒತ್ತಿದಳು. ಮತ್ತೆ ಅದೇ ಎರಡು ಸಾಲು. “ಕೆಟ್ಟುಹೋಯಿತೇನೋ?” ಎಂದು ಕೇಳಿದಳು. ಇಲ್ಲಮ್ಮ, ಕೆಟ್ಟಿಲ್ಲ ಅಂದೆ. ಕೆಡದೇ ಇದ್ದರೆ ಯಾಕೆ ಬರುತ್ತಿಲ್ಲ ಅನ್ನುವ ಅವಳ ಮುಂದಿನ ಪ್ರಶ್ನೆಗೆ ಆ ಸಂಜೆ ನನ್ನಲ್ಲಿ ಉತ್ತರ ಇರಲಿಲ್ಲ. ಆಮೇಲೆ ಕೂತು ತಿಳಿದುಕೊಂಡೆ.

ಒಂದು ಕಾರಣ ನಂಬಿಕೆಯ ಲೆಕ್ಕ. ಯಂತ್ರ ದೂರದ ಸರ್ವರಿಗೆ ಕೈಚಾಚಿದಾಗ ಆ ಸರ್ವರು ಅಸಲಿಯೇ ಎಂದು ನೋಡಲು ಒಂದು ಪ್ರಮಾಣಪತ್ರ ಕೇಳುತ್ತದೆ. ಆ ಪತ್ರಕ್ಕೆ ಸಾಕ್ಷಿ ಹಾಕುವ ದೊಡ್ಡವರ ಪಟ್ಟಿ ಯಂತ್ರದೊಳಗೆ ಮೊದಲೇ ಇರುತ್ತದೆ, ಒಬ್ಬೊಬ್ಬರ ಸಹಿಗೂ ಅವಧಿ ಇರುತ್ತದೆ. 2021ರ ಸೆಪ್ಟೆಂಬರ್ 30ರಂದು ಲಕ್ಷಾಂತರ ಜಾಲತಾಣಗಳು ಆತುಕೊಂಡಿದ್ದ ಅಂಥ ಒಂದು ಸಹಿಯ ಅವಧಿ ಮುಗಿದಾಗ, ಪಟ್ಟಿ ಹೊಸದಾಗದ ಎಷ್ಟೋ ಹಳೆಯ ಕಂಪ್ಯೂಟರುಗಳು ಎದುರಿಗಿದ್ದವರನ್ನು ಗುರುತಿಸದೆ ನಿಂತುಬಿಟ್ಟವು. ಇನ್ನೊಂದು, ಚಿತ್ರವನ್ನು ಮಡಿಸುವ ಬಗೆ. 2003ರ ಎಚ್.264 ವಿಧಾನದಲ್ಲಿ ಮಡಿಸಿದ ಸೀರೆಯನ್ನು ನಮ್ಮ ಯಂತ್ರ ಬಿಚ್ಚಿ ಹರಡಬಲ್ಲದು. 2013ರ ಎಚ್.265, 2018ರ ಎವಿ1 ಇನ್ನೂ ಚಿಕ್ಕದಾಗಿ ಮಡಿಸುತ್ತವೆ. ಆ ಮಡಿಕೆ ಬಿಚ್ಚುವುದು ಅದಕ್ಕೆ ತಿಳಿಯದು. ಮೂರನೆಯದು ಜಾಗ. ಅದರ ನೆನಪಿನ ಕೋಶ 256 ಎಂಬಿಯ ಎರಡು ಭಾಗ, ಅಷ್ಟೇ. ಆ್ಯಪ್‌ಗಳು ವರ್ಷವರ್ಷ ದಪ್ಪಗಾಗುತ್ತವೆ. ಹಳೆಯ ಯಂತ್ರಕ್ಕೆಂದು ಬೇರೆ ಆವೃತ್ತಿ ಇಟ್ಟುಕೊಂಡು ಪರೀಕ್ಷಿಸಲು ಕಂಪನಿಗೆ ಖರ್ಚು. ಬಳಸುವವರು ಕಡಿಮೆಯಾದರು ಅನ್ನಿಸಿದ ದಿನ ಬಾಗಿಲು ಹಾಕುತ್ತಾರೆ. ನಿಂಟೆಂಡೊದ ವೀ ಯಂತ್ರದಲ್ಲಿ ವಿಡಿಯೋ ಸೇವೆಗಳು ಮುಗಿದದ್ದು 2019ರ ಜನವರಿಯ ಕೊನೆಗೆ. ಎಕ್ಸ್‌ಬಾಕ್ಸ್ 360ರ ಅಂಗಡಿ ಮುಚ್ಚಿದ್ದು 2024ರ ಜುಲೈ 29ಕ್ಕೆ.

ಕಾರಣಗಳನ್ನು ನಾನು ಒಪ್ಪುತ್ತೇನೆ, ತೀರ್ಮಾನವನ್ನು ಒಪ್ಪುವುದಿಲ್ಲ. ಈ ಯಂತ್ರದ ಎದೆಯಲ್ಲಿರುವ ‘ಸೆಲ್’ ಚಿಪ್ಪು ಸೋನಿ, ತೋಷಿಬಾ, ಐಬಿಎಂ ಮೂವರೂ ಸೇರಿ ಕಟ್ಟಿದ್ದು. 2007ರಿಂದ 2012ರವರೆಗೆ ಲೋಕದ ನಾನಾ ಮನೆಗಳ ಪ್ಲೇಸ್ಟೇಷನ್‌ಗಳು, ಮನೆಯವರು ಮಲಗಿದ ಮೇಲೆ, ಪ್ರೋಟೀನುಗಳು ಹೇಗೆ ಮಡಚಿಕೊಳ್ಳುತ್ತವೆ ಎಂಬ ಲೆಕ್ಕವನ್ನು ಸ್ಟ್ಯಾನ್‌ಫರ್ಡ್ ವಿಶ್ವವಿದ್ಯಾಲಯದ ವಿಜ್ಞಾನಿಗಳಿಗೆ ಮಾಡಿಕೊಟ್ಟವು. 2010ರಲ್ಲಿ ಅಮೆರಿಕದ ವಾಯುಪಡೆ 1,760 ಪ್ಲೇಸ್ಟೇಷನ್‌ಗಳನ್ನು ಜೋಡಿಸಿ ಸೂಪರ್ ಕಂಪ್ಯೂಟರ್ ಕಟ್ಟಿತು. ಇಂಥದ್ದಕ್ಕೆ ಒಬ್ಬ ಅಜ್ಜಿಗೆ ಎರಡು ಗಂಟೆ ಸಿನಿಮಾ ತೋರಿಸುವ ತ್ರಾಣ ಉಳಿದಿಲ್ಲ ಅಂದರೆ ನಂಬಲಾಗದು. ಸಾದಾ ಗುಣಮಟ್ಟದ, ಹಳೆಯ ಮಡಿಕೆಯ ಒಂದು ದಾರಿಯನ್ನು ತೆರೆದಿಟ್ಟರೆ ಸಾಕು. ಆಕಾಶವಾಣಿ ಅಣ್ಣನ ರೇಡಿಯೋಗೆ ಮಾಡಿದ್ದು ಅದನ್ನೇ. 2022ರ ಡಿಸೆಂಬರಿನಲ್ಲಿ ಕೇಂದ್ರ ಸರ್ಕಾರ ‘ರೈಟ್ ಟು ರಿಪೇರ್’ ಪೋರ್ಟಲ್ ತೆರೆದು ಬಿಡಿಭಾಗ, ರಿಪೇರಿಯ ಮಾಹಿತಿ ಒಂದೆಡೆ ಸಿಗುವಂತೆ ಮಾಡಿತು. ಒಳ್ಳೆಯ ಕೆಲಸ. ಆದರೆ ನಮ್ಮ ಯಂತ್ರಕ್ಕೆ ಬಿಡಿಭಾಗ ಬೇಕಿರಲಿಲ್ಲ, ರಿಪೇರಿಯೂ ಆಗಿತ್ತು.

ಅಕ್ಕನ ಮಗ ಫೋನಿನಲ್ಲಿ, “ಮಾಮ, ಒಂದು ಸ್ಟ್ರೀಮಿಂಗ್ ಸ್ಟಿಕ್ ತಂದು ಹಾಕಿಬಿಡಿ” ಅಂದ. ಸ್ಟಿಕ್ಕಿಗೆ ಎಚ್‌ಡಿಎಂಐ ಕಿಂಡಿ ಬೇಕು, ಬಿಪಿಎಲ್‌ನಲ್ಲಿ ಅದಿಲ್ಲ. ಹಾಗಾದರೆ ಟಿವಿ ಹೊಸದು, ರಿಮೋಟು ಹೊಸದು, ಅಮ್ಮ ಮತ್ತೆ ಒಂದರಿಂದ ಕಲಿಯಬೇಕು. ಕೈಗೆ ಹತ್ತಿದ ಒಂದು ವಿದ್ಯೆಯನ್ನು ಈ ವಯಸ್ಸಿನಲ್ಲಿ ಅವಳಿಂದ ಕಸಿಯುವ ಹಕ್ಕು ಯಾರಿಗೂ ಇಲ್ಲ ಎಂದು ನನ್ನ ಗಟ್ಟಿ ಅಭಿಪ್ರಾಯ.

ಆದ್ದರಿಂದ ಬೇರೆ ಬಾಗಿಲು ಹುಡುಕಿದೆವು. ಯಂತ್ರಕ್ಕೆ ಡಿಸ್ಕಿನ ಬಾಯಿದೆ. ಡಿವಿಡಿ, ಬ್ಲೂ-ರೇ ಎರಡೂ ಓಡುತ್ತವೆ. ಪೆನ್ ಡ್ರೈವ್ ಚುಚ್ಚಿದರೂ ಆಗುತ್ತದೆ. ಅದನ್ನು ಫ್ಯಾಟ್ 32 ಬಗೆಯಲ್ಲಿ ಫಾರ್ಮ್ಯಾಟ್ ಮಾಡಿರಬೇಕು, ಒಂದೊಂದು ಫೈಲು 4 ಜಿಬಿ ಒಳಗಿರಬೇಕು, ಎಂಪಿ4ನಂಥ ಅದಕ್ಕೆ ಓದಲು ಬರುವ ಬಗೆಯದಾಗಿರಬೇಕು. ಅಕ್ಕನ ಮದುವೆಯ ವಿಎಚ್‌ಎಸ್ ಕ್ಯಾಸೆಟ್ಟನ್ನು ಹಾಗೆ ಬದಲಿಸಿ ತಂದೆ. ಕಾಶೀಯಾತ್ರೆಗೆ ಹೊರಟ ಭಾವನ ಹಿಂದೆ ಕೊಡೆ ಹಿಡಿದು ಅಣ್ಣ ನಡೆದು ಬಂದರು. ಅಮ್ಮ ಚೌಕ, ತ್ರಿಕೋನ ಎಲ್ಲ ತಡಕಿ, ಚಿತ್ರ ನಿಲ್ಲಿಸುವುದು ಹೇಗೆಂದು ಅವತ್ತು ಕಲಿತಳು.

2025ರ ಮಾರ್ಚಿನಲ್ಲಿ ಆ ಯಂತ್ರಕ್ಕೆ 4.92 ಎನ್ನುವ ಹೊಸ ಆವೃತ್ತಿ ಬಂತು. ಬ್ಲೂ-ರೇ ಡಿಸ್ಕುಗಳ ಬೀಗದ ಕೀಲಿಯನ್ನು ನವೀಕರಿಸುವುದು ಅದರ ಮುಖ್ಯ ಕೆಲಸ. ಹುಟ್ಟಿ ಹದಿನೆಂಟು ವರ್ಷ ದಾಟಿದ ಮೇಲೂ ತಯಾರಕರು ಡಿಸ್ಕಿನ ಬಾಗಿಲಿಗೆ ಎಣ್ಣೆ ಬಿಡುತ್ತಿದ್ದಾರೆ. ಮನಸ್ಸು ಮಾಡಿದರೆ ಆಗುತ್ತದೆ.

ನಿಮ್ಮ ಅಟ್ಟದ ಮೇಲೂ ಮಕ್ಕಳು ಬಿಟ್ಟುಹೋದ ಇಂಥದ್ದೊಂದು ಇರಬಹುದು. ತೂಕಕ್ಕೆ ಹಾಕುವ ಮುಂಚೆ ಇಳಿಸಿ, ಒರೆಸಿ, ಒಮ್ಮೆ ಹಚ್ಚಿ ನೋಡಿ. ಫ್ಯಾನು ಕೂಗಿದರೆ ಎಸ್.ಪಿ. ರೋಡಿಗೆ ಒಯ್ಯಿರಿ. ಭಾನುವಾರ ಹೋಗಬೇಡಿ, ಹೆಚ್ಚಿನ ಅಂಗಡಿಗಳು ಮುಚ್ಚಿರುತ್ತವೆ.