ತಲೆಗೆ ಕಟ್ಟಿದ್ದು

ಹುಟ್ಟಿದಾಗಿನಿಂದ ಮುಪ್ಪಿನವರೆಗೆ ಹೆಣ್ಣಿನ ತಲೆಗೆ ಏನೇನು ಕಟ್ಟುತ್ತಾರೆಂದು ನೀವು ಎಂದಾದರೂ ಲೆಕ್ಕ ಹಾಕಿದ್ದೀರಾ? ಒಂದು ಮಧ್ಯಾಹ್ನ ಅಕ್ಕಿ ಆರಿಸುತ್ತ ಕುಳಿತಾಗ ನಾನು ಹಾಕಿದೆ. ಮೊದಲಿಗೆ ಕುಂಚಿಗೆ. ಹಸುಗೂಸಿನ ನೆತ್ತಿ ಮುಚ್ಚಿ, ಗಲ್ಲದ ಕೆಳಗೆ ದಾರ ಕಟ್ಟಿದರೆ ಮುಖವೊಂದೇ ಹೊರಗೆ. ಸಾಲಿಗೆ ಹೋಗುವಾಗ ಕೆಂಪು ರಿಬ್ಬನ್ನು. ಜಾತ್ರೆಗೆ ಹೋದ ವರ್ಷ ಪ್ಲಾಸ್ಟಿಕ್ಕಿನ ಹೇರ್‌ಬ್ಯಾಂಡು. ಕಿವಿಯ ಹಿಂದೆ ಒತ್ತಿ ಕೆಂಪಗಾದರೂ ಅದನ್ನು ತೆಗೆಯುವ ಮಾತಿಲ್ಲ. ಕುಬಸದ ದಿನ ಹೂವಿನ ದಂಡಿ. ಮದುವೆಯಲ್ಲಿ ಬಾಸಿಂಗ. ಹಡೆದ ಮೇಲೆ ಕಿವಿ ಮುಚ್ಚುವಂತೆ ಬಾಣಂತಿ ಬಟ್ಟೆ. ಸಂಸಾರ ಹಳೆಯದಾಗುತ್ತ ಬಂದಂತೆ ತಲೆನೋವಿನ ಪಟ್ಟಿ.

ಇವೆಲ್ಲ ಕಣ್ಣಿಗೆ ಕಾಣುವಂಥವು. ಕಾಣದೆ ಕಟ್ಟಿದವು ಇನ್ನೂ ಹೆಚ್ಚು. ಹಾಲು ಉಕ್ಕಿದರೆ, ಮಗ ಪರೀಕ್ಷೆಯಲ್ಲಿ ನಪಾಸಾದರೆ, ಅತ್ತೆಯ ಮೊಣಕಾಲು ನೋವು ಜಾಸ್ತಿಯಾದರೆ, ಎಲ್ಲವೂ ಸೊಸೆಯ ತಲೆಗೇ ಕಟ್ಟುವುದು. ನೋಡಿ, ನಮ್ಮ ಕನ್ನಡ ಎಷ್ಟು ಜಾಣ ಭಾಷೆ! ಗೌರವ ಕೊಟ್ಟರೂ ‘ಕಟ್ಟುವುದು’, ತಪ್ಪು ಹೊರಿಸಿದರೂ ‘ಕಟ್ಟುವುದು’. ರಾಜನಿಗೆ ಪಟ್ಟ ಕಟ್ಟುತ್ತೇವೆ, ಬಡಪಾಯಿಗೆ ಕಳ್ಳನೆಂಬ ಪಟ್ಟವನ್ನೂ ಕಟ್ಟುತ್ತೇವೆ.

ಪಟ್ಟ ಎಂದಕೂಡಲೇ ಸಿಂಹಾಸನ, ವಜ್ರದ ಕಿರೀಟ ನೆನಪಾಗುತ್ತವೆ. ಆದರೆ ಆ ಮಾತಿನ ಮೂಲ ಅರ್ಥ ಬಟ್ಟೆಯ ಪಟ್ಟಿ, ಹಣೆಗೆ ಕಟ್ಟುವ ಪಟ್ಟಿ. ಮುಂದೆ ಅದು ಬಂಗಾರದ ತಗಡಾಯಿತು, ಆಮೇಲೆ ಅಧಿಕಾರವೇ ಆಗಿಬಿಟ್ಟಿತು. ರಾಷ್ಟ್ರಕೂಟರ ಮುಮ್ಮಡಿ ಇಂದ್ರನು ಕ್ರಿ.ಶ. 915ರಲ್ಲಿ ಅಧಿಕಾರಕ್ಕೆ ಬಂದ ಸಮಾರಂಭವನ್ನು ಅವನ ತಾಮ್ರಶಾಸನಗಳು ‘ಪಟ್ಟಬಂಧ’ ಎಂದೇ ಕರೆಯುತ್ತವೆ. ಪಟ್ಟಿಯನ್ನು ಕಟ್ಟುವುದು ಎಂದಷ್ಟೇ ಅದರರ್ಥ. ಗ್ರೀಕರಲ್ಲೂ ಹೀಗೆಯೇ. ಅಲೆಕ್ಸಾಂಡರನ ನಂತರದ ಅರಸರ ಗುರುತೆಂದರೆ ತಲೆಯ ಸುತ್ತ ಕಟ್ಟಿದ ಒಂದು ಬಟ್ಟೆಯ ಪಟ್ಟಿ. ಅದರ ಹೆಸರು ‘ಡಯಾಡೆಮ್’, ಅಂದರೆ ಸುತ್ತ ಕಟ್ಟಿದ್ದು. ಕಿರೀಟಗಳ ವಂಶಾವಳಿ ಹುಡುಕುತ್ತ ಹೋದರೆ ಕೊನೆಗೆ ಸಿಗುವುದು ನಮ್ಮ ಅಡುಗೆಮನೆಯ ಮೂಲೆಯಲ್ಲಿ ಬಿದ್ದಿರುವಂಥ ಒಂದು ಅರಿವೆಯ ಚೂರು.

ನನ್ನ ತವರು ತಳಕಲ್. ಅಲ್ಲಿಂದ ರೈಲು ಹತ್ತಿ, ಗದಗದಲ್ಲಿ ಗಾಡಿ ಬದಲಿಸಿದರೆ ಬಾದಾಮಿ. ಬಾದಾಮಿಯಿಂದ ಸ್ವಲ್ಪ ದೂರದಲ್ಲಿ ಪಟ್ಟದಕಲ್ಲು. ಚಾಲುಕ್ಯ ಅರಸರಿಗೆ ಪಟ್ಟ ಕಟ್ಟುತ್ತಿದ್ದ ಊರು, ಅದಕ್ಕೇ ಆ ಹೆಸರು. 1987ರಲ್ಲಿ ಅದು ವಿಶ್ವ ಪರಂಪರೆಯ ಪಟ್ಟಿಗೂ ಸೇರಿತು. ಅಲ್ಲಿಯ ದೊಡ್ಡ ಗುಡಿ ವಿರೂಪಾಕ್ಷನದು. 8ನೆಯ ಶತಮಾನದಲ್ಲಿ ಇಮ್ಮಡಿ ವಿಕ್ರಮಾದಿತ್ಯನು ಕಂಚಿಯನ್ನು ಗೆದ್ದ ನೆನಪಿಗೆ ಅವನ ರಾಣಿ ಲೋಕಮಹಾದೇವಿ ಅದನ್ನು ಕಟ್ಟಿಸಿದಳು. ಆಕೆಯ ತಂಗಿ, ಅವನ ಇನ್ನೊಬ್ಬ ರಾಣಿ, ತ್ರೈಲೋಕ್ಯಮಹಾದೇವಿ ಪಕ್ಕದಲ್ಲೇ ಮಲ್ಲಿಕಾರ್ಜುನ ಗುಡಿಯನ್ನು ಕಟ್ಟಿಸಿದಳು. ಗೆದ್ದವನು ಗಂಡ, ನಿಂತ ಗುಡಿಗಳು ಹೆಂಡಿರವು.

ವಿರೂಪಾಕ್ಷ ಗುಡಿಯ ಮೂಡಣ ಬಾಗಿಲಲ್ಲಿ ಹಳಗನ್ನಡದ ಶಾಸನವಿದೆ. ಲೋಕಮಹಾದೇವಿಯ ಗುಡಿಯನ್ನು ಕಟ್ಟಿದ ಸೂತ್ರಧಾರಿ, ಅಂದರೆ ಮುಖ್ಯ ಶಿಲ್ಪಿಗೆ, ‘ಪೆರ್ಜೆರೆಪು’ ಎಂಬ ಪಟ್ಟವನ್ನು ಕಟ್ಟಿ ಗೌರವಿಸಿದ ಸಂಗತಿ ಅದರಲ್ಲಿದೆ. ಗುಂಡ ಅನಿವಾರಿತಾಚಾರಿ ಎಂಬುದು ಅವನ ಹೆಸರು. ನನಗೆ ಆ ಗುಡಿಯಲ್ಲಿ ಎಲ್ಲಕ್ಕಿಂತ ಹಿಡಿಸಿದ್ದು ಇದೇ. ಅರಸನ ಮಗನಾಗಿ ಹುಟ್ಟಿದ್ದಕ್ಕೆ ಕಟ್ಟಿದ ಪಟ್ಟವಲ್ಲ ಅದು. ಕೈಯಲ್ಲಿ ಉಳಿ ಹಿಡಿದು ಕಲ್ಲಿನ ಧೂಳು ಕುಡಿದವನಿಗೆ ಅವನ ಕೆಲಸ ನೋಡಿ ಕಟ್ಟಿದ್ದು. ಪಟ್ಟ ಕಟ್ಟುವುದಾದರೆ ಹೀಗೆ ಕಟ್ಟಬೇಕು.

ಆದರೆ ಕೆಲಸ ನೋಡಿ ಕಟ್ಟುವವರು ಎಷ್ಟು ಮಂದಿ? ಹೆಚ್ಚಿನವರು ಕಟ್ಟುವುದು ಕೆಲಸವನ್ನು ನೋಡದೆಯೇ. ಅದಕ್ಕೆ ನಮ್ಮಲ್ಲಿ ‘ಹಣೆಪಟ್ಟಿ’ ಎಂಬ ಮಾತಿದೆ. ಕಾರಹುಣ್ಣಿಮೆಯ ದಿನ ಎತ್ತುಗಳ ಮೈ ತೊಳೆದು, ಕೋಡಿಗೆ ಬಣ್ಣ ಹಚ್ಚಿ, ಬಣ್ಣದ ಗೊಂಡೆಗಳ ಹಣೆಕಟ್ಟು ಕಟ್ಟುತ್ತಾರಲ್ಲ, ಆ ಎತ್ತು ತನ್ನ ಹಣೆಯ ಮೇಲೆ ಏನಿದೆ ಎಂದು ನೋಡಿಕೊಳ್ಳಬಲ್ಲುದೇ? ಊರ ಮಂದಿ ನೋಡುತ್ತಾರೆ, ಎತ್ತಿಗೆ ಕಾಣುವುದಿಲ್ಲ. ಹಣೆಪಟ್ಟಿಯ ಗುಣವೇ ಅದು. ಓದುವವರು ಬೇರೆಯವರು, ಹೊರುವವರು ನಾವು.

ಊರುಗಳಿಗೂ ಹಣೆಪಟ್ಟಿಯ ಕಾಟ ತಪ್ಪಿದ್ದಲ್ಲ. ನಮ್ಮದು ಮೊದಲು ನಿಜಾಮರ ಸೀಮೆ. ಆಮೇಲೆ ರಾಯಚೂರು ಜಿಲ್ಲೆಯ ಯಲಬುರ್ಗಾ ತಾಲ್ಲೂಕು. 1997ರಲ್ಲಿ ಕೊಪ್ಪಳ ಜಿಲ್ಲೆಯಾಯಿತು, ಈಗ ಕುಕನೂರು ತಾಲ್ಲೂಕು. ಹೈದರಾಬಾದ್ ಕರ್ನಾಟಕ ಎಂಬ ಹೆಸರು ಹೋಗಿ 2019ರಲ್ಲಿ ಕಲ್ಯಾಣ ಕರ್ನಾಟಕವೆಂದಾಯಿತು. ಹೆಸರು ಎಷ್ಟು ಬದಲಾದರೂ ‘ಹಿಂದುಳಿದ ಭಾಗದವರು’ ಎಂಬ ಪಟ್ಟಿ ಮಾತ್ರ ಬಹಳ ದಿನ ಬಿಗಿಯಾಗಿಯೇ ಇತ್ತು. ಮದುವೆಯಾಗಿ ನಾನು ಬೇರೆ ಊರಿಗೆ ಹೋದಾಗ ನೆರೆಮನೆಯಾಕೆ ಮೊದಲು ಕೇಳಿದ ಪ್ರಶ್ನೆ, “ನಿಮ್ಮೂರಾಗ ನೀರು ಸಿಗತಾವೇನ್ರಿ?” ಎಂದು. ಹತ್ತಿರದಲ್ಲೇ ಇರುವ ಇಟಗಿಯ ಮಹಾದೇವ ದೇವಾಲಯ 1112ರದು ಎಂದೂ, ಅದನ್ನು ‘ದೇವಾಲಯ ಚಕ್ರವರ್ತಿ’ ಎಂದು ಶಾಸನದಲ್ಲೇ ಹೊಗಳಿದ್ದಾರೆಂದೂ ಹೇಳಿದೆ. ಆಕೆ ನಂಬಲಿಲ್ಲ. ಈಗ ಗದಗ–ವಾಡಿ ರೈಲು ದಾರಿ ಕವಲೊಡೆಯುವುದು ತಳಕಲ್‌ನಿಂದಲೇ. 2025ರ ಮೇ ತಿಂಗಳಲ್ಲಿ ಕುಷ್ಟಗಿಯವರೆಗೂ ರೈಲು ಓಡಿತು. ಆ ನೆರೆಮನೆಯಾಕೆ ಇದನ್ನಾದರೂ ಓದಿರಲಿ ಎಂದು ನನ್ನಾಸೆ.

ದೂರದ ದೇಶದ ದೊಡ್ಡ ಹೆಂಗಸರಿಗಾದರೂ ಇದು ತಪ್ಪಿದೆಯೇ? 1992ರ ಅಮೆರಿಕದ ಚುನಾವಣೆಯಲ್ಲಿ ಬಿಲ್ ಕ್ಲಿಂಟನ್ ಅಧ್ಯಕ್ಷ ಸ್ಥಾನಕ್ಕೆ ನಿಂತಾಗ ಅವರ ಹೆಂಡತಿ ಹಿಲರಿ ಕೂದಲಿಗೆ ಹೇರ್‌ಬ್ಯಾಂಡು ಹಾಕುತ್ತಿದ್ದರು. ಪತ್ರಿಕೆಗಳಲ್ಲಿ ಅದೇ ಒಂದು ಚರ್ಚೆ. ಆಕೆ ಹೆಸರಾಂತ ವಕೀಲೆ. ತಲೆಯೊಳಗೆ ಏನಿದೆ ಎಂದು ಕೇಳುವ ಮೊದಲು ತಲೆಯ ಮೇಲೆ ಏನಿದೆ ಎಂದು ಕೇಳಿದರು. ಗಂಡಸರ ವಿಷಯ ಬೇರೆ. ಜಪಾನಿನಲ್ಲಿ ಪರೀಕ್ಷೆಗೆ ಓದುವ ಹುಡುಗರು, ಬೆವರು ಸುರಿಸುವ ಕೆಲಸಗಾರರು ಹಣೆಗೆ ‘ಹಚಿಮಾಕಿ’ ಎಂಬ ಬಟ್ಟೆ ಕಟ್ಟಿಕೊಳ್ಳುತ್ತಾರೆ. ಅದು ಛಲದ ಗುರುತು. ನಮ್ಮ ಅವ್ವ ಹಣೆಗೆ ಬಟ್ಟೆ ಕಟ್ಟಿಕೊಂಡರೆ ಮಾತ್ರ ಅದು “ಆಕೀದು ಯಾವಾಗಲೂ ಇದ್ದದ್ದ” ಎಂಬುದರ ಗುರುತು.

ಅವ್ವನ ಆ ಪಟ್ಟಿಯ ಬಗ್ಗೆ ಒಂದು ಮಾತು ಹೇಳಬೇಕು. ಹಳೆಯ ಸೀರೆಯ ಅಂಚನ್ನು ಹರಿದು, ಶುಂಠಿ ತೇಯ್ದು ಹಣೆಗೆ ಹಚ್ಚಿ, ಬಿಗಿಯಾಗಿ ಕಟ್ಟಿಕೊಂಡು ನಡುಮನೆಯಲ್ಲಿ ಮಲಗಿಬಿಡುತ್ತಿದ್ದಳು. ಹಣೆಯ ಎರಡೂ ಬದಿ ಒತ್ತಡ ಬಿದ್ದರೆ ಕೆಲವರಿಗೆ ನೋವು ಹಗುರಾಗುವುದುಂಟು. ಆದರೆ ಅದಕ್ಕಿಂತ ದೊಡ್ಡ ಔಷಧಿ ಇನ್ನೊಂದಿತ್ತು. ಆ ಪಟ್ಟಿ ಕಂಡಕೂಡಲೇ ನಾವು ಮಕ್ಕಳು ಪಿಸುಮಾತಿಗೆ ಇಳಿಯುತ್ತಿದ್ದೆವು, ಅಪ್ಪ ತಾನೇ ನೀರು ತುಂಬಿಕೊಂಡು ಕುಡಿಯುತ್ತಿದ್ದ. ವರ್ಷದ ಮುನ್ನೂರ ಅರವತ್ತೈದು ದಿನದಲ್ಲಿ ಅವ್ವ ತನಗೆ ತಾನೇ ಬರೆದುಕೊಂಡ ರಜಾ ಚೀಟಿ ಅದು. ತನ್ನ ಕೈಯಿಂದ ತಾನೇ ಕಟ್ಟಿಕೊಂಡ ಪಟ್ಟ ಬೇರೆ ಯಾವುದೂ ಅವಳಿಗಿರಲಿಲ್ಲ.

ಉಳಿದವರ ತಲೆಗೆ ಕಟ್ಟುವ ಕೆಲಸವೆಲ್ಲ ನಮ್ಮ ಮನೆಯಲ್ಲಿ ದೊಡ್ಡವ್ವನದು. ಅಪ್ಪನ ಅಣ್ಣನ ಹೆಂಡತಿ. ಇಪ್ಪತ್ತೆರಡನೆಯ ವಯಸ್ಸಿಗೆ ಗಂಡನನ್ನು ಕಳೆದುಕೊಂಡವಳು. ಓಣಿಯಲ್ಲಿ ಯಾರ ಮಗಳು ಹಡೆದರೂ ದೊಡ್ಡವ್ವನಿಗೆ ಕರೆ ಬರುತ್ತಿತ್ತು. ಬಾಣಂತಿಗೆ ಬಿಸಿನೀರು ಹಾಕಿ, ಕೆಂಡದ ಮೇಲೆ ಲೋಬಾನ ಉದುರಿಸಿ ಕೂದಲಿಗೆ ಹೊಗೆ ಕೊಟ್ಟು, ಕಿವಿಗೆ ಅರಳೆ ಇಟ್ಟು, ತಲೆಗೆ ಬಟ್ಟೆ ಕಟ್ಟುತ್ತಿದ್ದಳು. ಕೂಸಿಗೆ ಜ್ವರ ಬಂದರೆ ಹಣೆಗೆ ತಣ್ಣೀರ ಪಟ್ಟಿ ಹಾಕಿ ರಾತ್ರಿಯೆಲ್ಲ ಕೂಡುವವಳು ಅವಳೇ. ಕುಂಚಿಗೆ ಹೊಲಿಯುವುದರಲ್ಲಂತೂ ಅವಳ ಕೈ ದೊಡ್ಡದು. “ಕಟ್ಟಿದ ಮ್ಯಾಲೆ ಒಳಗ ಎರಡು ಬಟ್ಟು ಹೋಗಬೇಕವಾ. ಹೋಗಲಿಲ್ಲಂದ್ರ ಅದು ಕಟ್ಟಿದ್ದಲ್ಲ, ಬಿಗದದ್ದು” ಎನ್ನುತ್ತಿದ್ದಳು. ಬಟ್ಟು ಎಂದರೆ ಬೆರಳು.

ಮದುವೆ ಬಂತೆಂದರೆ ಹಿಂದಿನ ರಾತ್ರಿಯೆಲ್ಲ ಕುಳಿತು ದಂಡಿಯ ಹೂ ಕಟ್ಟುವವಳೂ ದೊಡ್ಡವ್ವನೇ. ಬಾಸಿಂಗದ ದಾರಕ್ಕೆ ಅರಿಷಿಣ ಹಚ್ಚುವವಳೂ ಅವಳೇ. ಆದರೆ ಬೆಳಗಾದರೆ ಅವಳು ಅಡುಗೆಮನೆಯ ಬಾಗಿಲ ಹಿಂದೆ. ಬಾಸಿಂಗ ಕಟ್ಟುವವರು ಐದು ಮಂದಿ ಮುತ್ತೈದೆಯರು. ಹೂ ಕಟ್ಟಿದ ಕೈ ಆಗುತ್ತಿತ್ತು, ಹೂವಿನ ದಂಡಿ ಕಟ್ಟುವ ಕೈ ಆಗುತ್ತಿರಲಿಲ್ಲ. ಬಾಣಂತಿಯ ಜೀವ ಆ ಕೈಗೆ ಒಪ್ಪಿಸಬಹುದು, ಮದುಮಗಳ ಹಣೆ ಒಪ್ಪಿಸಬಾರದು. ಇದು ಯಾವ ನ್ಯಾಯವೆಂದು ಕೇಳಿದರೆ “ಹಂಗ ನಡಕೊಂಡು ಬಂದೈತಿ” ಎಂಬುದೊಂದೇ ಉತ್ತರ.

ನನ್ನ ಮಗಳ ಮದುವೆ 2004ರಲ್ಲಿ ತಳಕಲ್‌ನಲ್ಲೇ ಆಯಿತು. ಅಕ್ಕಿಕಾಳಿಗೆ ಇನ್ನೂ ಅರ್ಧ ತಾಸಿತ್ತು. ಬಾಸಿಂಗದ ತಟ್ಟೆ ಮುಂದಿಟ್ಟಾಗ ಮಗಳು ತಲೆ ಬಗ್ಗಿಸಲಿಲ್ಲ. “ನನಗ ಅಮ್ಮನ ಕಟ್ಟಬೇಕು” ಎಂದಳು. ನಮ್ಮ ಕಡೆ ತಾಯಿಗೆ ಅವ್ವ, ಅಜ್ಜಿಗೆ ಅಮ್ಮ. ಅವಳು ಹೇಳಿದ್ದು ದೊಡ್ಡವ್ವನನ್ನು. ಮುತ್ತೈದೆಯರು ಒಬ್ಬರ ಮುಖ ಒಬ್ಬರು ನೋಡಿದರು. ನಾನು ಒಳಗೆ ಹೋಗಿ ದೊಡ್ಡವ್ವನ ಕೈ ಹಿಡಿದೆ. ಅವಳು ಕೈ ಬಿಡಿಸಿಕೊಂಡಳು.

“ಬ್ಯಾಡವಾ. ನಾಳೆ ಆಕೀ ಸಂಸಾರಕ್ಕ ಒಂದು ಸಣ್ಣ ನೆಗಡಿ ಬಂದರೂ ನನ್ನ ತಲಿಗೇ ಕಟ್ಟತಾರ. ಇಷ್ಟು ವರ್ಷ ಹೊತ್ತದ್ದು ಸಾಕಾಗೇತಿ” ಎಂದಳು.

ಅಲ್ಲಿಯವರೆಗೆ ದೊಡ್ಡವ್ವ ಸಂಪ್ರದಾಯಕ್ಕೆ ಅಂಜಿ ಹಿಂದೆ ನಿಲ್ಲುತ್ತಾಳೆಂದು ನಾವೆಲ್ಲ ತಿಳಿದಿದ್ದೆವು. ಅಂಜಿಕೆ ಸಂಪ್ರದಾಯದ್ದಲ್ಲ, ಹಣೆಪಟ್ಟಿಯದು. ಚಿಕ್ಕ ವಯಸ್ಸಿನಲ್ಲಿ ಗಂಡ ಸತ್ತಾಗ ಆ ಸಾವನ್ನೂ ಯಾರೋ ಅವಳ ತಲೆಗೇ ಕಟ್ಟಿದ್ದರು. ಎರಡನೆಯದಕ್ಕೆ ಜಾಗವಿರಲಿಲ್ಲ.

ಆಗ ಎದ್ದು ಬಂದವರು ಬೀಗರ ಮನೆಯ ಹಿರಿಯಜ್ಜಿ, ಮದುಮಗನ ಅಪ್ಪನ ತಾಯಿ. ಅವರೂ ಬರಿಹಣೆಯವರೇ, ಅಷ್ಟು ಹೊತ್ತು ಗೋಡೆಗೆ ಒರಗಿ ಕುಳಿತವರು. ಅಡುಗೆಮನೆಯ ಬಾಗಿಲಿಗೆ ಬಂದು, “ಬರ್ರಿ ಅಕ್ಕಾರ, ಒಂದು ತುದಿ ನೀವು ಹಿಡೀರಿ, ಒಂದು ನಾ ಹಿಡೀತೀನಿ. ಏನರ ಆದ್ರ ಅರ್ಧ ನನ್ನ ತಲಿಗೆ ಕಟ್ಟಲಿ” ಎಂದರು. ದೊಡ್ಡವ್ವ ಸ್ವಲ್ಪ ಹೊತ್ತು ಸುಮ್ಮನೆ ನಿಂತಳು. ಆಮೇಲೆ ಸೆರಗಿಗೆ ಕೈ ಒರೆಸಿಕೊಂಡು ಹೊರಗೆ ಬಂದಳು. ಇಬ್ಬರು ಮುದುಕಿಯರು ಎರಡೂ ಕಡೆ ನಿಂತು ಬಾಸಿಂಗ ಕಟ್ಟಿದರು. ಗಂಟು ಹಾಕುವ ಮೊದಲು ದೊಡ್ಡವ್ವ ಎಂದಿನಂತೆ ದಾರದೊಳಗೆ ಎರಡು ಬೆರಳು ತೂರಿಸಿ ನೋಡಿದಳು. ಮುತ್ತೈದೆಯರಲ್ಲಿ ಒಬ್ಬಿಬ್ಬರು ಮುಖ ಗಂಟು ಹಾಕಿಕೊಂಡಿದ್ದರು. ಗೋಧಿಹುಗ್ಗಿ ಎಲೆಗೆ ಬಿದ್ದ ಮೇಲೆ ಆ ಗಂಟೂ ಸಡಿಲಾಯಿತು.

ಇಪ್ಪತ್ತು ವರ್ಷ ದಾಟಿತು. ಮಗಳು ಅಳಿಯ ಎಲ್ಲ ಗಂಡಹೆಂಡಿರ ಹಾಗೆ ಜಗಳಾಡುತ್ತಾರೆ, ಎಲ್ಲರ ಹಾಗೆ ಒಂದಾಗುತ್ತಾರೆ. ನೆಗಡಿಯೂ ಬಂದು ಹೋಗಿದೆ. ದೊಡ್ಡವ್ವನೂ ಇಲ್ಲ, ಆ ಅಜ್ಜಿಯೂ ಇಲ್ಲ. ಅವರ ತಲೆಗೆ ಏನನ್ನೂ ಕಟ್ಟುವ ಪ್ರಸಂಗ ಯಾರಿಗೂ ಬರಲಿಲ್ಲ.

ಈಗ ನಮ್ಮ ಊರುಗಳ ಸಮಾರಂಭಗಳಲ್ಲಿ ಗಂಡಸರಿಗೆ ಪೇಟ ತೊಡಿಸಿ, ಹೆಂಗಸರಿಗೆ ಸೀರೆ ಕುಬಸ ಕೊಟ್ಟು ಸನ್ಮಾನ ಮಾಡುತ್ತಾರೆ. ಎಲ್ಲೋ ಕೆಲವು ಕಡೆ ಹೆಣ್ಣುಮಕ್ಕಳಿಗೂ ಪೇಟ ತೊಡಿಸುವುದನ್ನು ನೋಡಿದ್ದೇನೆ. ಸಂತೋಷದ ಮಾತೇ. ಆದರೆ ವೇದಿಕೆಯ ಮೇಲಿನ ಪೇಟಕ್ಕಿಂತ ದೊಡ್ಡ ವಿಷಯ ದಿನಾ ಮನೆಯೊಳಗೆ, ಓಣಿಯ ಕಟ್ಟೆಯ ಮೇಲೆ, ಬಸ್ಸಿಗಾಗಿ ಕಾಯುವಾಗ ನಾವು ಮಾತಿನಲ್ಲಿ ಕಟ್ಟುವ ಪಟ್ಟಿಗಳದು. ‘ಆಕಿ ಬಂಜಿ’, ‘ಈಕಿ ಗಯ್ಯಾಳಿ’, ‘ಆ ಮನಿ ಸೊಸಿ ಕಾಲ್ಗುಣ ಸರಿ ಇಲ್ಲ’. ಇವನ್ನು ಕಟ್ಟುವವರು ಬಹಳ ಸಲ ನಾವೇ, ಹೆಣ್ಣುಮಕ್ಕಳೇ. ಹಣೆಯ ಪಟ್ಟಿಯ ಗಂಟು ಯಾವಾಗಲೂ ಹಿಂದಲೆಯಲ್ಲಿರುತ್ತದೆ. ಹೊತ್ತವಳ ಕಣ್ಣಿಗೆ ಅದು ಕಾಣುವುದಿಲ್ಲ. ಬಿಚ್ಚಬೇಕಾದರೆ ಹಿಂದೆ ನಿಂತ ಇನ್ನೊಬ್ಬಳೇ ಕೈ ಹಾಕಬೇಕು.

ಇನ್ನೊಬ್ಬರ ತಲೆಗೆ ಏನನ್ನಾದರೂ ಕಟ್ಟುವ ಮನಸ್ಸಾದಾಗ, ಅದು ಹೂವೇ ಇರಲಿ ಹೆಸರೇ ಇರಲಿ, ದೊಡ್ಡವ್ವನ ಅಳತೆಯನ್ನು ನೆನಪಿಟ್ಟುಕೊಳ್ಳೋಣ. ಒಳಗೆ ಎರಡು ಬೆರಳು ಹೋಗಬೇಕು. ಹೋಗದಿದ್ದರೆ ಬಿಚ್ಚಿಬಿಡುವುದು ಒಳ್ಳೆಯದು.